ಮೊಲ, ಕೌಜುಗ ಮತ್ತು ಬೇಟೆಯ ಪಂಚಾಂಗ

ಬೇಟೆ ಎಂದೊಡನೆ ನಮ್ಮ ಕವಿಗಳ ಲೇಖನಿ ಹುಲಿ, ಹಂದಿ, ಮದಿಸಿದ ಆನೆಗಳ ಬೆನ್ನು ಹತ್ತುತ್ತದೆ. ಇತಿಹಾಸಕಾರರೂ ಬಹುಮಟ್ಟಿಗೆ ಅದೇ ಹಾದಿಯವರು. ಯಾವ ಅರಸರು ಎಷ್ಟು ಹುಲಿ ಹೊಡೆದರೆಂಬ ಲೆಕ್ಕ ಸಿಕ್ಕೀತು. ಒಂದು ಹಳ್ಳಿಯವರು ವರ್ಷಕ್ಕೆ ಎಷ್ಟು ಮೊಲ ಹಿಡಿದರೆಂಬುದನ್ನು ಬರೆದಿಟ್ಟವರಿಲ್ಲ. ಆದರೆ ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ಎಂಬ ನಾಲ್ಕು ತಾಲ್ಲೂಕುಗಳ ನಾಡಿನಲ್ಲಿ (1997ರಲ್ಲಿ ರಾಯಚೂರಿನಿಂದ ಬೇರೆಯಾಗಿ ಕೊಪ್ಪಳ ಜಿಲ್ಲೆಯೆನಿಸಿದ್ದು ಇದೇ ಸೀಮೆ) ಬೇಟೆಯೆಂದರೆ ಸಣ್ಣ ಬೇಟೆಯೇ. ಗಂಗಾವತಿಯ ಕಲ್ಲುಗುಡ್ಡಗಳಲ್ಲಿ ಚಿರತೆ, ಕರಡಿಗಳುಂಟು, ನಿಜ. ಉಳಿದಂತೆ ಇದು ಎರೆ ಮತ್ತು ಮಸಾರಿಯ ಬಯಲು. ಈ ಬಯಲಿನ ಬೇಟೆ ಮೊಲ, ಕೌಜುಗ, ಬುರ್ಲಿ, ಕಾಡುಪಾರಿವಾಳ, ಚಳಿಗಾಲದಲ್ಲಿ ಕೆರೆಗೆ ಇಳಿಯುವ ಬಾತು. ಇವನ್ನು ಯಾವಾಗ ಹಿಡಿಯಬಹುದು, ಯಾವಾಗ ಹಿಡಿಯಬಾರದು ಎಂದು ಗೊತ್ತುಮಾಡಿದವರು ಯಾರು? ಈ ಪ್ರಶ್ನೆಯನ್ನು ಹಿಡಿದು ಹೊರಟರೆ ಎರಡು ಸಾವಿರ ವರ್ಷಗಳಷ್ಟು ಹಿಂದೆ ಹೋಗಬೇಕಾಗುತ್ತದೆ. ಅದೂ ಕೊಪ್ಪಳದ ಊರ ಬದಿಯ ಬಂಡೆಯಿಂದಲೇ.

ಗವಿಮಠದ ಗುಡ್ಡದಲ್ಲಿಯೂ ಅದರ ಎದುರಿನ ಪಾಲ್ಕಿಗುಂಡಿನಲ್ಲಿಯೂ ಅಶೋಕನ ಶಾಸನಗಳಿವೆಯೆಂಬುದು 1931ರಲ್ಲಿ ಲೋಕಕ್ಕೆ ತಿಳಿಯಿತು. ಇವು ಕಿರು ಬಂಡೆಶಾಸನಗಳು. ಇವುಗಳಲ್ಲಿ ಬೇಟೆಯ ಮಾತಿಲ್ಲ. ಆದರೆ ಇದೇ ಅರಸನು ಉತ್ತರದ ಕಂಬಗಳ ಮೇಲೆ ಬರೆಸಿದ ಐದನೆಯ ಸ್ತಂಭಶಾಸನವು ನಮ್ಮ ದೇಶದಲ್ಲಿ ಸಿಕ್ಕಿರುವ ಬೇಟೆಯ ನಿಯಮಗಳಲ್ಲಿ ಬಹು ಪ್ರಾಚೀನವಾದುದು. ಪಟ್ಟವೇರಿದ ಇಪ್ಪತ್ತಾರನೆಯ ವರ್ಷದಲ್ಲಿ, ಎಂದರೆ ಕ್ರಿ. ಪೂ. 243ರ ಸುಮಾರಿಗೆ, ಅವನು ಕೊಲ್ಲಬಾರದ ಪ್ರಾಣಿಗಳ ಪಟ್ಟಿಯೊಂದನ್ನು ಕೊಡುತ್ತಾನೆ. ಗಿಳಿ, ಗೊರವಂಕ, ಆಮೆ, ಮುಳ್ಳುಹಂದಿ, ಅಳಿಲು, ಪಾರಿವಾಳ ಹೀಗೆ. ಗಬ್ಬವಾದ ಅಥವಾ ಮರಿಗೆ ಹಾಲೂಡುತ್ತಿರುವ ಆಡು, ಕುರಿ, ಹಂದಿಗಳನ್ನು ಕೊಲ್ಲಬಾರದು. ಆರು ತಿಂಗಳೊಳಗಿನ ಮರಿಗಳನ್ನೂ ಕೊಲ್ಲಬಾರದು. ಚಾತುರ್ಮಾಸದ ಮೂರು ಹುಣ್ಣಿಮೆಗಳಲ್ಲಿ, ತಿಷ್ಯ ನಕ್ಷತ್ರದ ಹುಣ್ಣಿಮೆಯಲ್ಲಿ, ಅವುಗಳ ಹಿಂದುಮುಂದಿನ ದಿನಗಳಲ್ಲಿ, ಉಪವಾಸದ ದಿನಗಳಲ್ಲಿ ಮೀನು ಹಿಡಿಯುವಂತೆಯೂ ಇಲ್ಲ, ಮಾರುವಂತೆಯೂ ಇಲ್ಲ. ಕಾರಣವಿಲ್ಲದೆ ಕಾಡಿಗೆ ಬೆಂಕಿ ಹಚ್ಚಬಾರದು.

ಇದನ್ನು ಸುಮ್ಮನೆ ಅಹಿಂಸೆಯ ಉಪದೇಶವೆಂದು ಓದಿ ಬಿಡುವುದು ರೂಢಿ. ನಾನಂತೂ ಅದನ್ನು ಒಂದು ಕಾಯಿದೆಯೆಂದೇ ಓದುತ್ತೇನೆ. ಅದರಲ್ಲಿ ಎರಡು ಬಗೆಯ ಕಾಲಗಣನೆಯಿದೆ. ಒಂದು ಹುಣ್ಣಿಮೆ, ನಕ್ಷತ್ರಗಳದು. ಅದು ಮನುಷ್ಯನ ಪಂಚಾಂಗ. ಇನ್ನೊಂದು ಗಬ್ಬ, ಹಾಲು, ಮರಿಯ ಆರು ತಿಂಗಳು; ಅದು ಪ್ರಾಣಿಯ ಪಂಚಾಂಗ. ಮುಂದೆ ಬಂದ ಬೇಟೆಯ ನಿಯಮಗಳಲ್ಲೆಲ್ಲ ಈ ಎರಡರ ನಡುವೆ ಜಗ್ಗಾಟ ನಡೆದೇ ಇದೆ. ಅಶೋಕನ ಆಜ್ಞೆ ನಡೆಯಿತೇ ಎಂದು ಕೇಳುವವರಿಗೆ, 1958ರಲ್ಲಿ ಅಫಘಾನಿಸ್ತಾನದ ಕಂದಹಾರದಲ್ಲಿ ದೊರೆತ ಗ್ರೀಕ್ ಮತ್ತು ಅರಮಾಯಿಕ್ ಶಾಸನ ಒಂದು ಉತ್ತರ ಕೊಡುತ್ತದೆ: ಅರಸನ ಬೇಟೆಗಾರರೂ ಬೆಸ್ತರೂ ತಮ್ಮ ಕಸುಬು ನಿಲ್ಲಿಸಿದರೆಂದು ಅದು ಹೇಳುತ್ತದೆ. ನಿಲ್ಲಿಸಿದ ಮೇಲೆ ಆ ಬೇಟೆಗಾರರು ಏನು ಉಂಡರೆಂಬುದನ್ನು ಶಾಸನ ಹೇಳುವುದಿಲ್ಲ. ಈ ಮಾತು ಮುಂದೆ ಮತ್ತೊಮ್ಮೆ ಬರುತ್ತದೆ.

ಕಲ್ಯಾಣದ ಚಾಲುಕ್ಯರ ಕಾಲಕ್ಕೆ ಬಂದರೆ ಬೇಟೆ ಅರಸರ ವಿನೋದವಾಗಿ ನಿಲ್ಲುತ್ತದೆ. 1112ರಲ್ಲಿ ಇಟಗಿಯ ಮಹಾದೇವ ದೇವಾಲಯ ಎದ್ದುದು ಆರನೆಯ ವಿಕ್ರಮಾದಿತ್ಯನ ಆಳಿಕೆಯಲ್ಲಿ. ಅವನ ಮಗ ಮೂರನೆಯ ಸೋಮೇಶ್ವರ ಹನ್ನೆರಡನೆಯ ಶತಮಾನದ ಮೊದಲ ಭಾಗದಲ್ಲಿ ಮಾನಸೋಲ್ಲಾಸವನ್ನು ರಚಿಸಿ, ಅದರಲ್ಲಿ ಜಿಂಕೆಯ ಬೇಟೆ, ಡೇಗೆಯಿಂದ ಹಕ್ಕಿ ಹಿಡಿಸುವುದು, ಗಾಳ ಹಾಕುವುದು ಇವನ್ನೆಲ್ಲ ವಿಸ್ತಾರವಾಗಿ ಹೇಳಿದ. ಅಲ್ಲಿರುವುದು ಬೇಟೆಯ ಕೌಶಲ. ನಮ್ಮ ಕಾವ್ಯಗಳಲ್ಲಿ ಮಾತ್ರ ಬೇಟೆಗೆ ಇನ್ನೊಂದು ಕಾರಣ ಕಾಣುತ್ತದೆ. ಗಂಗಾವತಿ ಸೀಮೆಯ ಎದುರು ದಂಡೆಯಾದ ಹಂಪೆಯ ಕವಿ ರಾಘವಾಂಕನ ಹರಿಶ್ಚಂದ್ರಕಾವ್ಯದಲ್ಲಿ ಅರಸ ಬೇಟೆಗೆ ಹೊರಡುವುದು ಮೋಜಿಗಲ್ಲ. ಮೃಗಪಕ್ಷಿಗಳು ಬೆಳೆಯನ್ನು ಹಾಳುಮಾಡಿದವೆಂದು ಪ್ರಜೆಗಳು ದೂರು ತಂದುದರಿಂದ. ಪಾಠ ಹೇಳುವಾಗ ಈ ಪ್ರಸಂಗ ಬಂದರೆ ನಮ್ಮ ಕಡೆಯ ರೈತರ ಮಕ್ಕಳು ಕಿವಿ ನಿಮಿರಿಸುತ್ತಾರೆ. ಕುಕನೂರು, ಯಲಬುರ್ಗಾ ಕಡೆ ಕಡಲೆ, ಹೆಸರಿನ ಹೊಲಕ್ಕೆ ಚಿಗರಿಯ ಹಿಂಡು ನುಗ್ಗುವುದನ್ನು ಅವರು ಕಣ್ಣಾರೆ ಕಂಡವರು. (ಹಳಗನ್ನಡದಲ್ಲಿ ಬೇಂಟೆಯೆಂದರೆ ಬೇಟೆ, ಬೇಟವೆಂದರೆ ಪ್ರೇಮ. ಪರೀಕ್ಷೆಯಲ್ಲಿ ಇವೆರಡನ್ನು ಅದಲುಬದಲು ಮಾಡಿ ಬರೆದ ಉತ್ತರಗಳು ಓದಲು ಬಲು ಸೊಗಸಾಗಿರುತ್ತವೆ, ಇರಲಿ.)

ಸಣ್ಣ ಬೇಟೆಯ ಇತಿಹಾಸಕ್ಕೆ ನಿಜವಾದ ಬೆಳಕು ಬೀಳುವುದು ವಿಜಯನಗರದ ಸಂತೆಯಲ್ಲಿ. 1520ರ ಸುಮಾರಿಗೆ ಬಂದ ಪೋರ್ಚುಗೀಸ ಡೊಮಿಂಗೊ ಪಾಯೆಸ್ ಆ ನಗರದ ಪೇಟೆಯನ್ನು ವರ್ಣಿಸುವಾಗ ಕೌಜುಗ, ಲಾವಕ್ಕಿ, ಮೊಲ, ಕೆರೆಯ ಹಕ್ಕಿಗಳು ಹೇರಳವಾಗಿಯೂ ಅಗ್ಗವಾಗಿಯೂ ಸಿಗುತ್ತಿದ್ದವೆಂದೂ ಅವನ್ನು ಜೀವಂತವಾಗಿಯೇ ಮಾರುತ್ತಿದ್ದರೆಂದೂ ಬರೆದಿದ್ದಾನೆ. ಹದಿನೈದು ವರ್ಷಗಳ ಬಳಿಕ ಅಲ್ಲಿದ್ದ ಫೆರ್ನಾವೊ ನೂನಿಜ್ ಇನ್ನೂ ಸ್ಪಷ್ಟವಾಗಿ ಹೇಳುತ್ತಾನೆ: ಬೇಟೆಯ ಪ್ರಾಣಿಗಳನ್ನಾದರೂ ಜೀವಂತವಾಗಿಯೇ ಮಾರಬೇಕು, ಕೊಳ್ಳುವವನಿಗೆ ತಾನು ಕೊಳ್ಳುವುದು ಏನೆಂದು ತಿಳಿಯಬೇಕು. ಸಾಮಾನ್ಯವಾಗಿ ಈ ಸಾಲುಗಳನ್ನು ನಗರದ ವೈಭವಕ್ಕೆ ಉದಾಹರಣೆಯಾಗಿ ಎತ್ತಿಕೊಳ್ಳುತ್ತಾರೆ. ನನಗೆ ಕಾಣುವುದು ಬೇರೆ. ಸಾವಿರಾರು ಹಕ್ಕಿಗಳು ಜೀವಸಹಿತ ಪೇಟೆಗೆ ಬರಬೇಕಾದರೆ ಅವನ್ನು ಬಾಣದಿಂದ ಹೊಡೆದು ತರಲಾಗದು. ಬಲೆ, ಉರುಲು, ದೀಪದ ಹಕ್ಕಿಗಳಿಂದಲೇ ಹಿಡಿಯಬೇಕು. ಪಳಗಿಸಿದ ಗಂಡು ಕೌಜುಗವನ್ನು ಪಂಜರದಲ್ಲಿಟ್ಟು ಕೂಗಿಸಿ, ಕಾದಾಡಲು ಬರುವ ಕಾಡು ಕೌಜುಗವನ್ನು ಸುತ್ತ ನೆಟ್ಟ ಉರುಲಿಗೆ ಕೆಡಹುವ ವಿದ್ಯೆಗೆ ದೀಪದ ಹಕ್ಕಿಯ ಬೇಟೆಯೆನ್ನುತ್ತಾರೆ. ಅಂದರೆ ಆ ಪೇಟೆಯ ಹಿಂದೆ, ನದಿಯ ಎರಡೂ ದಂಡೆಗಳಲ್ಲಿ, ಆನೆಗುಂದಿಯ ಈಚೆಯ ಬಯಲಿನಲ್ಲಿಯೂ, ಬಲೆಗಾರರ ಒಂದು ದೊಡ್ಡ ಸಮುದಾಯ ದುಡಿಯುತ್ತಿದ್ದಿರಬೇಕು. ಮಹಾನವಮಿ ದಿಬ್ಬದ ಗೋಡೆಯ ಮೇಲೆ ಅರಸರ ಬೇಟೆ ಕೆತ್ತಿಸಿಕೊಂಡಿದೆ. ಈ ಬಲೆಗಾರರ ಹೆಸರು ಎಲ್ಲಿಯೂ ಇಲ್ಲ. ಅವರ ಬೇಟೆಗೆ ಇದ್ದ ಕಟ್ಟಳೆ ಕಾಲದ್ದಲ್ಲ, ಪೇಟೆಯದು: ಹಿಡಿ, ಆದರೆ ಕೊಂದು ತರಬೇಡ.

ಇನ್ನು ಹಳ್ಳಿಯ ಪಂಚಾಂಗ. ಈ ಸೀಮೆಯಲ್ಲಿ ಹಿಂಗಾರಿ ಜೋಳ, ಕಡಲೆಗಳ ಸುಗ್ಗಿ ಮುಗಿಯುವುದು ಮಾಘ, ಫಾಲ್ಗುಣದ ಹೊತ್ತಿಗೆ. ಹೊಲ ಬೋಳಾಗುತ್ತದೆ. ಮೊಲಕ್ಕೆ ಮರೆಯೆಂಬುದು ಹಳ್ಳದ ದಂಡೆ, ಬದುವಿನ ಪೊದೆ, ಬಿಟ್ಟ ಬೀಳು ಇಷ್ಟೇ. ಎತ್ತಿಗೂ ಆಳಿಗೂ ಕೆಲಸವಿಲ್ಲ. ಹೋಳಿ ಹುಣ್ಣಿಮೆಯಿಂದ ಯುಗಾದಿಯವರೆಗಿನ ಈ ಬಿಡುವಿನಲ್ಲಿ ಊರವರು ನಾಯಿ, ಬಡಿಗೆ, ಬಲೆಗಳೊಡನೆ ಸಾಲುಗಟ್ಟಿ ಹೊಲ ಸೋಸುವುದು ಹೈದರಾಬಾದ ಕರ್ನಾಟಕದ ಹಲವು ಊರುಗಳ ಹಳೆಯ ಪದ್ಧತಿ. ಸಿಕ್ಕಿದ್ದನ್ನು ಹಂಚಿಕೊಳ್ಳುವರು, ಕೆಲವು ಕಡೆ ಮೊದಲು ದೇವರ ಗುಡಿಯ ಮುಂದೆ ಇಟ್ಟು ಮೆರೆಸುವರು. ರೋಹಿಣಿ ಮಳೆ ಬಿದ್ದು ಕೂರಿಗೆ ಹೂಡಿದರೆಂದರೆ ಬೇಟೆ ತಾನಾಗಿಯೇ ನಿಲ್ಲುವುದು. ಬಿತ್ತಿದ ಹೊಲದಲ್ಲಿ ನಾಯಿ ಹಾಯಿಸಿದರೆ ಹೊಲದೊಡೆಯ ಸುಮ್ಮನಿರುವನೇ?

ನಮ್ಮ ಜಾನಪದದ ಪ್ರೇಮಿಗಳು ಇದನ್ನು ಕೊಂಡಾಡಿ, ಹಿರಿಯರು ಮೊಲ ಮರಿಹಾಕುವ ಕಾಲವನ್ನರಿತು ಮಳೆಗಾಲದಲ್ಲಿ ಬೇಟೆ ಬಿಡುತ್ತಿದ್ದರೆಂದು ಬರೆಯುತ್ತಾರೆ. ಕೇಳಲು ಇಂಪಾದ ಮಾತು. ಆದರೆ ನಮ್ಮ ಮೊಲ ವರ್ಷದ ಬಹುಪಾಲು ತಿಂಗಳುಗಳಲ್ಲಿ ಮರಿಹಾಕುವ ಪ್ರಾಣಿ. ಕೌಜುಗ ಬೇಸಗೆಯ ಆರಂಭದಲ್ಲಿಯೇ ನೆಲದ ಮೇಲೆ ಮೊಟ್ಟೆಯಿಡುತ್ತಿರುತ್ತದೆ. ಯುಗಾದಿಯ ಬೇಟೆ ಸರಿಯಾಗಿ ಅದರ ಗೂಡಿನ ಮೇಲೆಯೇ ನಡೆಯುತ್ತದೆ. ಮಳೆಯೊಡನೆ ಬಂದು ಸಜ್ಜೆ, ನವಣೆಯ ಹೊಲದಲ್ಲಿ ಕೂಗುವ ಬುರ್ಲಿಗೆ ಮಾತ್ರ ಈ ಬಿಡುವಿನಿಂದ ಲಾಭ. ಹಳ್ಳಿಯ ಪಂಚಾಂಗ ಒಕ್ಕಲಿಗನ ಬಿಡುವನ್ನು ನೋಡಿ ಬರೆದದ್ದು, ಮೊಲದ ಬಸಿರನ್ನು ನೋಡಿ ಅಲ್ಲ. ಹಾಗಿದ್ದರೂ ಮೊಲ ಉಳಿಯಿತು. ಬೇಟೆ ವರ್ಷದಲ್ಲಿ ಕೆಲವು ದಿನಗಳದಾಗಿತ್ತು, ಬಡಿಗೆ ಬೀಸುವ ಕೈಗೆ ಮಿತಿಯಿತ್ತು, ಬೀಳುಭೂಮಿ ವಿಸ್ತಾರವಾಗಿತ್ತು.

ಇಂಗ್ಲಿಷರ ಆಳಿಕೆಯಲ್ಲಿ ಮೊದಲು ಬಂದುದು ಬೇಟೆಯ ಕಾಯಿದೆಯಲ್ಲ, ಆಯುಧದ ಕಾಯಿದೆ. 1857ರಲ್ಲಿ ಆಯುಧಗಳನ್ನು ಒಪ್ಪಿಸಬೇಕೆಂಬ ಆಜ್ಞೆ ಮುಧೋಳ ಸಂಸ್ಥಾನದ ಹಲಗಲಿಗೆ ಮುಟ್ಟಿದಾಗ ಅಲ್ಲಿಯ ಬೇಡರು ತಿರುಗಿಬಿದ್ದು ನೇಣುಗಂಬವೇರಿದುದು ಲಾವಣಿಗಳಿಂದ ಎಲ್ಲರಿಗೂ ಗೊತ್ತು. ಮರುವರ್ಷ ಮುಂಡರಗಿಯ ಭೀಮರಾಯ ಕೊಪ್ಪಳದ ಕೋಟೆಯನ್ನು ಹಿಡಿದು ಅಲ್ಲಿಯೇ ಮಡಿದ. ದೊಡ್ಡ ಇತಿಹಾಸದ ಪುಟಗಳಲ್ಲಿ ಇವು ಸ್ವಾತಂತ್ರ್ಯದ ಹೋರಾಟಗಳು, ಸರಿಯೇ. ಬೇಟೆಯ ಇತಿಹಾಸದಲ್ಲಿ ಇವಕ್ಕೆ ಇನ್ನೊಂದು ಅರ್ಥವಿದೆ. ಬೇಡನ ಕೈಯ ಬಂದೂಕು ಅಪರಾಧದ ವಸ್ತುವಾಯಿತು. 1878ರ ಶಸ್ತ್ರ ಕಾಯಿದೆಯ ಬಳಿಕ ಪರವಾನಿಗೆಯುಳ್ಳವನ ಕೈಯಲ್ಲಿ ಅದೇ ಬಂದೂಕು ಮರ್ಯಾದೆಯ ಕುರುಹಾಯಿತು. ಮುಂದಿನ ಬೇಟೆಯ ನಿಯಮಗಳೆಲ್ಲ ಈ ಎರಡನೆಯವನಿಗಾಗಿ ಬರೆದವು.

ನೀಲಗಿರಿಯಲ್ಲಿ ಬೇಟೆಯ ಮೃಗ ಕಡಿಮೆಯಾಯಿತೆಂದು ಅಲ್ಲಿಯ ಐರೋಪ್ಯ ಬೇಟೆಗಾರರು ಗೋಳಿಟ್ಟುದರ ಫಲ 1879ರ ಮದರಾಸಿನ ನೀಲಗಿರಿ ಕಾಯಿದೆ. 1887ರಲ್ಲಿ ಕಾಡುಹಕ್ಕಿಗಳ ಕಾಯಿದೆ ಬಂತು. ಅದರ ಕೈ ಪುರಸಭೆ, ದಂಡುಪ್ರದೇಶಗಳ ಆಚೆ ಚಾಚುತ್ತಿರಲಿಲ್ಲ. ಮೈಸೂರು ಸಂಸ್ಥಾನ 1901ರಲ್ಲಿ ತನ್ನದೇ ರೆಗ್ಯುಲೇಷನ್ ಮಾಡಿಕೊಂಡಿತು. ಬ್ರಿಟಿಷ್ ಇಂಡಿಯಾಕ್ಕೆಲ್ಲ ಒಂದೇ ಎನ್ನುವಂಥ ಕಾಯಿದೆ 1912ರದು. ಇದರ ಪಟ್ಟಿಯಲ್ಲಿ ಕೌಜುಗ, ಲಾವಕ್ಕಿ, ಬಾತು, ಪಾರಿವಾಳ, ನವಿಲು, ಎರೆಭೂತದ ಜಾತಿಯ ದೊಡ್ಡ ಹಕ್ಕಿಗಳು, ಜಿಂಕೆ, ಚಿಗರಿ, ಮೊಲ ಎಲ್ಲ ಇದ್ದವು. ವರ್ಷದ ಯಾವ ಭಾಗದಲ್ಲಿ ಇವನ್ನು ಹಿಡಿಯಬಾರದು, ಮಾರಬಾರದು, ಕೊಳ್ಳಬಾರದು ಎಂಬುದನ್ನು ಪ್ರಾಂತ ಸರಕಾರ ಪ್ರಕಟಣೆಯಿಂದ ಗೊತ್ತುಮಾಡಬಹುದಿತ್ತು. ತಪ್ಪಿದರೆ ಐವತ್ತು ರೂಪಾಯಿವರೆಗೆ ದಂಡ. ಮತ್ತೆ ತಪ್ಪಿದರೆ ಒಂದು ತಿಂಗಳ ಸೆರೆ ಅಥವಾ ನೂರು ರೂಪಾಯಿ ದಂಡ ಅಥವಾ ಎರಡೂ. ತನ್ನ ಸ್ವತ್ತಿನ ರಕ್ಷಣೆಗಾಗಿ ಪ್ರಾಮಾಣಿಕವಾಗಿ ಕೊಂದವನಿಗೆ ಈ ಕಾಯಿದೆ ತಗಲದು. ರಾಘವಾಂಕನ ಪ್ರಜೆಗಳಿಗೆ ಸಿಕ್ಕ ಸಮಾಧಾನವನ್ನು ದೊರೆತನದವರೂ ಉಳಿಸಿಕೊಟ್ಟರು.

ಈ ಕಾಯಿದೆ ನಮ್ಮ ನಾಲ್ಕು ತಾಲ್ಲೂಕುಗಳಿಗೆ ಅನ್ವಯಿಸುತ್ತಿರಲಿಲ್ಲ ಎಂಬುದೇ ಇಲ್ಲಿಯ ಸ್ವಾರಸ್ಯ. ಕೊಪ್ಪಳ, ಯಲಬುರ್ಗಾಗಳು ಸಾಲಾರ್ ಜಂಗ್ ಮನೆತನದ ಜಹಗೀರು. ಕುಷ್ಟಗಿ, ಗಂಗಾವತಿ ನಿಜಾಮರ ನೇರ ಆಡಳಿತದವು. ಆನೆಗುಂದಿಯದು ಬೇರೆಯೇ ಸಂಸ್ಥಾನ. ಪಶ್ಚಿಮಕ್ಕೆ ಹಳ್ಳ ದಾಟಿದರೆ ಗದಗ, ರೋಣ, ಮುಂಡರಗಿ, ಎಂದರೆ ಮುಂಬಯಿ ಪ್ರಾಂತದ ಧಾರವಾಡ ಜಿಲ್ಲೆ. ಉತ್ತರಕ್ಕೆ ಕುಷ್ಟಗಿಯಾಚೆ ಹುನಗುಂದ, ಅದೂ ಮುಂಬಯಿಯದೇ. ದಕ್ಷಿಣಕ್ಕೆ ತುಂಗಭದ್ರೆಯಾಚೆ ಹೊಸಪೇಟೆ, ಮದರಾಸು ಪ್ರಾಂತ. ಮುಂಬಯಿ, ಮದರಾಸುಗಳ ನಿಷಿದ್ಧ ಕಾಲ ಬೇರೆ. ನಿಜಾಮರ ಕಡೆಯ ಶಿಕಾರಿ ನಿಯಮ, ಪರವಾನಿಗೆಗಳು ಬೇರೆ. ಯಲಬುರ್ಗಾದ ಹೊಲದಲ್ಲಿ ಎದ್ದ ಕೌಜುಗ ರೋಣದ ಹೊಲದಲ್ಲಿ ಇಳಿಯುವಷ್ಟರಲ್ಲಿ ಅದರ ಮೇಲಿನ ಕಾನೂನು ಬದಲಾಗಿಬಿಡುತ್ತಿತ್ತು. ಹಕ್ಕಿಗೆ ಗಡಿ ಗೊತ್ತಿಲ್ಲ. ಬೇಟೆಗಾರನಿಗೆ ಚೆನ್ನಾಗಿ ಗೊತ್ತು. ಈಚೆ ಹಿಡಿದದ್ದನ್ನು ಆಚೆಯ ಸಂತೆಯಲ್ಲಿ ಮಾರುವುದಕ್ಕೆ ರಾತ್ರಿಯ ಒಂದು ನಡಿಗೆ ಸಾಕಿತ್ತು.

ಸಂಸ್ಥಾನದ ಸರಕಾರಿ ವರ್ಷವಾದ ಫಸಲಿಯೂ ಬೇರೆ. ಅಕ್ಟೋಬರಿನ ಮೊದಲ ವಾರದಲ್ಲಿ ಆಜರ್ ತಿಂಗಳಿನಿಂದ ಅದು ಶುರುವಾಗುತ್ತಿತ್ತು; ಆಮೇಲೆ ದೈ, ಬಹ್ಮನ್, ಇಸ್ಫಂದಾರ್ ಎಂದು ಪಾರಸಿಯ ಹೆಸರುಗಳು. ನಮ್ಮ ಕಡೆಯ ಹಳೆಯ ಮನೆಗಳ ಪೆಟ್ಟಿಗೆಯಲ್ಲಿ ಉರ್ದುವಿನ ಜಮೀನು ಕಾಗದಗಳನ್ನು ತೆರೆದರೆ ಈ ತಿಂಗಳುಗಳು ಇಂದಿಗೂ ಕಣ್ಣಿಗೆ ಬೀಳುತ್ತವೆ. ಸರಕಾರದ ಕಾಗದ ಒಂದು ಪಂಚಾಂಗವನ್ನು ಹೇಳುವುದು, ಗಡಿಯಾಚೆಯ ಗೆಜೆಟ್ಟು ಇಂಗ್ಲಿಷ್ ತಿಂಗಳುಗಳನ್ನು ಹೇಳುವುದು, ಊರ ಅಯ್ಯನವರು ಫಾಲ್ಗುಣ, ಚೈತ್ರವೆನ್ನುವುದು. ಇವುಗಳ ನಡುವೆ ಮೊಲ ಯಾವುದನ್ನು ನಂಬಬೇಕು?

ಬಂದೂಕಿನವರ ಬೇಟೆಯಲ್ಲಿಯೂ ಒಂದು ವಿಪರೀತವಿತ್ತು. ದಖ್ಖನದ ಹುಲ್ಲುಬಯಲಿನಲ್ಲಿ ಮಳೆಗಾಲಕ್ಕೆ ಕಾಣುತ್ತಿದ್ದ ಸಣ್ಣ ಎರೆಹಕ್ಕಿಯ ಗಂಡು ತನ್ನ ಹೆಣ್ಣನ್ನು ಕರೆಯಲು ಹುಲ್ಲಿನಿಂದ ಮೇಲಕ್ಕೆ ನೆಗೆನೆಗೆದು ಬೀಳುತ್ತದೆ. ಉಳಿದ ಕಾಲದಲ್ಲಿ ಅದು ಹುಲ್ಲಿನಲ್ಲಿ ಅಡಗಿರುವುದರಿಂದ ಕಾಣುವುದೇ ಅಪರೂಪ. ಹೀಗಾಗಿ ಮಳೆಗಾಲವೇ, ಎಂದರೆ ಅದರ ಸಂತಾನದ ಕಾಲವೇ, ಅದನ್ನು ಹೊಡೆಯುವ ಕಾಲವಾಯಿತು. ಹತ್ತೊಂಬತ್ತನೆಯ ಶತಮಾನದಲ್ಲಿಯೇ ಇದನ್ನು ಕಂಡು ಮರುಗಿದ ಪಕ್ಷಿಶಾಸ್ತ್ರಜ್ಞರಿದ್ದರು. ಕೇಳಿದವರು ಕಡಿಮೆ. ಇಂದು ಆ ಹಕ್ಕಿ ಭಾರತದಲ್ಲಿಯೇ ಅಳಿವಿನ ಅಂಚಿಗೆ ಬಂದಿದೆ.

ಬಲೆಗಾರರ ಕಥೆಗೆ ಬರೋಣ. ಈ ಸೀಮೆಯಲ್ಲಿ ಅವರನ್ನು ಹರಣಶಿಕಾರಿ, ಪಾರ್ಧಿ, ಚಿಗರಿ ಬೇಟೆಗಾರ ಎಂದೆಲ್ಲ ಕರೆಯುತ್ತಾರೆ. ಹೆಸರಿನಲ್ಲಿಯೇ ಹರಿಣವೂ ಶಿಕಾರಿಯೂ ಇರುವ ಜನ. ಎತ್ತಿನ ಮರೆಯಲ್ಲಿ ಹೆಜ್ಜೆಯಿಡುತ್ತ ಬುರ್ಲಿಗಳನ್ನು ಬಲೆಯ ಕಡೆಗೆ ಮೆಲ್ಲಗೆ ತುಳಿಸಿಕೊಂಡು ಹೋಗುವ ಅವರ ಜಾಣ್ಮೆ ಬೆರಗು ಹುಟ್ಟಿಸುವಂಥದು. ಮೇಯುವ ಎತ್ತಿಗೆ ಹಕ್ಕಿ ಹೆದರುವುದಿಲ್ಲ. ಎತ್ತಿನ ಕಾಲುಗಳ ಸಂಗಡ ಇನ್ನೆರಡು ಕಾಲುಗಳಿರುವುದು ಅದಕ್ಕೆ ತಿಳಿಯುವುದೂ ಇಲ್ಲ. ನರದ ದಾರದಿಂದ ಹೊಸೆದ ಉರುಲುಗಳ ಸಾಲನ್ನು ಹಾದಿಯುದ್ದಕ್ಕೂ ನೆಡುವುದು ಇನ್ನೊಂದು ಬಗೆ. ವಿಜಯನಗರದ ಪೇಟೆಗೆ ಜೀವಂತ ಹಕ್ಕಿ ತುಂಬಿದವರ ವಂಶದವರು ಇವರೇ ಎಂದು ಸಾಧಿಸಲು ದಾಖಲೆಯಿಲ್ಲ; ವಿದ್ಯೆ ಮಾತ್ರ ಅದೇ.

1871ರಲ್ಲಿ ಮೊದಲ್ಗೊಂಡ ಅಪರಾಧಿ ಬುಡಕಟ್ಟುಗಳ ಕಾಯಿದೆ ಇಂಥ ಅಲೆಮಾರಿ ಜನರನ್ನು ಹುಟ್ಟಿನಿಂದಲೇ ಕಳ್ಳರೆಂದು ಬರೆಯಿತು. ಮುಂದೆ ಮುಂಬಯಿ ಪ್ರಾಂತದವರು ಹುಬ್ಬಳ್ಳಿ, ಗದಗ, ವಿಜಾಪುರಗಳಲ್ಲಿ ತಂತಿಬೇಲಿಯ ಸೆಟ್ಲ್‌ಮೆಂಟುಗಳನ್ನು ತೆರೆದು ಅವರನ್ನು ಒಳಗೆ ಕೂಡಿಹಾಕಿ, ಹತ್ತಿಯ ಗಿರಣಿಗಳಿಗೆ ಅಟ್ಟಿದರು. ಹಾಜರಿ ಹಾಕದೆ ಊರು ಬಿಟ್ಟರೆ ಅದೇ ಅಪರಾಧ. ಬೇಟೆಯೆಂದರೆ ಅಲೆದಾಟ, ಅಲೆದಾಟವೇ ಅಪರಾಧವಾದ ಮೇಲೆ ನಿಷಿದ್ಧ ಕಾಲದ ಪ್ರಕಟಣೆ ಅವರಿಗೆ ಬೇಕಾಗಿರಲಿಲ್ಲ, ವರ್ಷವೆ ನಿಷಿದ್ಧ. ಸ್ವತಂತ್ರ ಭಾರತ ಈ ಕಳಂಕವನ್ನು 1952ರ ಆಗಸ್ಟ್ 31ರಂದು ಅಳಿಸಿತು. ಅದೇ ವರ್ಷದ ಕೊನೆಯಲ್ಲಿ ಮೈಸೂರಿನಲ್ಲಿ ಭಾರತೀಯ ವನ್ಯಜೀವಿ ಮಂಡಲಿಯ ಮೊದಲ ಸಭೆ ಕೂಡಿತು. ಬಲೆಗಾರನಿಗೆ ತಿರುಗಾಡುವ ಹಕ್ಕು ಮರಳಿ ಸಿಕ್ಕ ವರ್ಷದಲ್ಲಿಯೇ ಅವನ ಬಲೆಯನ್ನು ಕಟ್ಟುವ ವಿಚಾರವೂ ಶುರುವಾಯಿತು.

1948ರ ಸೆಪ್ಟೆಂಬರಿನಲ್ಲಿ ಪೊಲೀಸ್ ಕಾರ್ಯಾಚರಣೆ, ಮರುವರ್ಷ ಜಹಗೀರುಗಳ ರದ್ದು, 1956ರ ನವೆಂಬರ್ 1ರಂದು ಏಕೀಕರಣ. ಹೊಸ ಮೈಸೂರು ರಾಜ್ಯದ ಪಾಲಿಗೆ ಹಳೆಯ ಮೈಸೂರು, ಮುಂಬಯಿ, ಹೈದರಾಬಾದು, ಮದರಾಸು, ಕೊಡಗು ಎಂಬ ಐದು ಕಡೆಗಳ ಕಾನೂನುಗಳು ಬಂದವು. ಧಾರವಾಡದವರಿಗೆ ಮುಂಬಯಿಯ 1951ರ ಕಾಯಿದೆಯೇ ನಡೆಯುತ್ತಿತ್ತು. ಇವನ್ನು ಒಂದುಗೂಡಿಸಿದುದು 1963ರ ಮೈಸೂರು ಕಾಡುಪ್ರಾಣಿ ಮತ್ತು ಕಾಡುಪಕ್ಷಿಗಳ ರಕ್ಷಣಾ ಕಾಯಿದೆ. ಯಲಬುರ್ಗಾದ ಕೌಜುಗಕ್ಕೂ ರೋಣದ ಕೌಜುಗಕ್ಕೂ ಒಂದೇ ಕಾನೂನೆಂದು ಆದುದು ಆಗ.

ಅದರ ಮೇಲೆ ಬಂದ 1972ರ ಕೇಂದ್ರ ಕಾಯಿದೆಯನ್ನು ಸಾವಧಾನವಾಗಿ ಓದಬೇಕು. ಇಂದು ಅದನ್ನು ಬೇಟೆಯ ನಿಷೇಧದ ಕಾಯಿದೆಯೆಂದು ಎಲ್ಲರೂ ತಿಳಿದಿದ್ದಾರೆ. ಮೂಲದಲ್ಲಿ ಅದು ಬೇಟೆಯನ್ನು ಕ್ರಮಗೊಳಿಸುವ ಕಾಯಿದೆಯೂ ಆಗಿತ್ತು. ವಿಶೇಷ ಬೇಟೆ, ದೊಡ್ಡ ಬೇಟೆ, ಸಣ್ಣ ಬೇಟೆ, ಜೀವಂತ ಹಿಡಿಯುವುದು ಎಂದು ನಾಲ್ಕು ಬಗೆಯ ಪರವಾನಿಗೆಗಳು ಅದರಲ್ಲಿದ್ದವು. ಕೊಂದ ಪ್ರಾಣಿಗಳ ದಾಖಲೆಯನ್ನು ಇಡಬೇಕಿತ್ತು. ಮರಿಯನ್ನೂ ಮರಿಯೊಡನಿರುವ ತಾಯಿಯನ್ನೂ ಹೊಡೆಯಬಾರದು. ಅಶೋಕನ ಕಂಬದ ಮಾತು ಎರಡು ಸಾವಿರದ ಇನ್ನೂರು ವರ್ಷಗಳ ಮೇಲೆ ಮತ್ತೆ ಕೇಳಿಬಂದಂತೆ. ರಾತ್ರಿ ಬೇಟೆಯಿಲ್ಲ, ವಾಹನದಿಂದ ಬೇಟೆಯಿಲ್ಲ, ಬಲೆ, ಉರುಲು, ವಿಷಗಳಿಲ್ಲ. ನೀರಿಗೆ ಬರುವ ಪ್ರಾಣಿಯನ್ನು ಕಾದು ಹೊಡೆಯಬಾರದು. ಆದರೆ ಕಲ್ಲುಕೌಜುಗವನ್ನೂ ನೀರುಹಕ್ಕಿಗಳನ್ನೂ ಹೊಡೆಯಬಹುದು! ನಾಯಿಗಳ ನೆರವಿನಿಂದ ಬೇಟೆಯಾಡಬಾರದು; ಆದರೆ ಕೌಜುಗ, ಲಾವಕ್ಕಿ, ನೀರುಹಕ್ಕಿಗಳಿಗೆ ನಾಯಿ ಬಿಡಬಹುದು! ಬಂದೂಕಿನ ದೊರೆಯ ಹೊಡೆದ ಹಕ್ಕಿಯನ್ನು ಹೆಕ್ಕಿ ತರುವ ತಳಿನಾಯಿಗೆ ರಿಯಾಯಿತಿ. ಮೊಲದ ಹಿಂದೆ ಓಡುವ ಯಲಬುರ್ಗಾದ ಬೀದಿನಾಯಿಗೆ ಇಲ್ಲ. ಕಾಯಿದೆ ಬರೆದವರ ಕಣ್ಣ ಮುಂದೆ ಯಾವ ಬೇಟೆಗಾರ ನಿಂತಿದ್ದನೆಂದು ಇದಕ್ಕಿಂತ ಸ್ಪಷ್ಟವಾಗಿ ಹೇಳಲಾಗದು.

ಈ ಪರವಾನಿಗೆಗಳ ಇಡೀ ಅಧ್ಯಾಯವನ್ನೇ 1991ರ ತಿದ್ದುಪಡಿ ಕಿತ್ತುಹಾಕಿತು. ಆ ವರ್ಷದ ಅಕ್ಟೋಬರ್ 2ರಿಂದ ನಿಷಿದ್ಧ ಕಾಲವೆಂಬ ಮಾತೇ ಉಳಿಯಲಿಲ್ಲ. ಹನ್ನೆರಡು ತಿಂಗಳೂ ನಿಷಿದ್ಧ. 2022ರ ತಿದ್ದುಪಡಿ 2023ರ ಏಪ್ರಿಲ್ 1ರಿಂದ ಪ್ರಾಣಿಗಳ ಪಟ್ಟಿಗಳನ್ನು ಆರರಿಂದ ನಾಲ್ಕಕ್ಕೆ ಇಳಿಸಿ, ಸಾಮಾನ್ಯ ಅಪರಾಧಗಳ ದಂಡದ ಮಿತಿಯನ್ನು ಇಪ್ಪತ್ತೈದು ಸಾವಿರದಿಂದ ಒಂದು ಲಕ್ಷ ರೂಪಾಯಿಗೆ ಏರಿಸಿತು. 1912ರಲ್ಲಿ ಮೊಲಕ್ಕೆ ಇದ್ದ ಬೆಲೆ ಐವತ್ತು ರೂಪಾಯಿ.

ನಾನು ಈ ನಿಷೇಧದ ಪರವಾಗಿಯೇ ಇದ್ದೇನೆ. ಹಿಂದಿನ ಮೊಲಕ್ಕೆ ಇದ್ದ ಬೀಳುಭೂಮಿ ಇಂದಿನದಕ್ಕೆ ಇಲ್ಲ. 1953ರಿಂದ ತುಂಗಭದ್ರೆಯ ಎಡದಂಡೆಯ ನೀರು ಗಂಗಾವತಿಯ ಬಯಲನ್ನು ಭತ್ತದ ಗದ್ದೆ ಮಾಡಿತು. ಮೇಲಿನ ಮಸಾರಿಯಲ್ಲಿ ಗಾಳಿಯಂತ್ರ, ಕಾರ್ಖಾನೆ, ಹೆದ್ದಾರಿಗಳೆದ್ದವು. ಬಡಿಗೆಯ ಬದಲು ಬೈಕು, ಪಂಜಿನ ಬದಲು ಪ್ರಖರವಾದ ದೀಪ ಬಂದಿದೆ. ಬೆಳಕು ಕಣ್ಣಿಗೆ ಬಿದ್ದರೆ ಮೊಲ ನಿಂತಲ್ಲೇ ನಿಲ್ಲುತ್ತದೆ. ಈ ಬಗೆಯ ಬೇಟೆಗೆ ಹಿರಿಯರ ಪದ್ಧತಿಯ ಹೆಸರು ಹೇಳುವುದು ಸಲ್ಲದು. ಆದರೂ ಕಂದಹಾರದ ಕಲ್ಲು ಕೇಳದೆ ಬಿಟ್ಟ ಪ್ರಶ್ನೆಯನ್ನು ನಾವೂ ಕೇಳದೆ ಬಿಡಲಾಗದು. ಪರವಾನಿಗೆಯ ಬಂದೂಕಿನವನು 1991ರಲ್ಲಿ ಕಳೆದುಕೊಂಡದ್ದು ಒಂದು ರವಿವಾರದ ಮೋಜು. ಬಲೆಗಾರ ಕಳೆದುಕೊಂಡದ್ದು ಕಸುಬು. ಗುಡಾರದಲ್ಲಿ ಬಾಳಿದ ಒಬ್ಬ ಹಿರಿಯರನ್ನು ಕೆಲವು ವರ್ಷಗಳ ಹಿಂದೆ ಮಾತನಾಡಿಸಿದ್ದೆ. ಬಾಯಿಯಿಂದಲೇ ಕೌಜುಗದ ಗಂಡಿನ ಕೂಗನ್ನೂ ಹೆಣ್ಣಿನ ಕೂಗನ್ನೂ ಬೇರೆಬೇರೆಯಾಗಿ ಕೂಗಿ ತೋರಿಸಿದರು. ಮಕ್ಕಳು ಊರೂರಿಗೆ ಪ್ಲಾಸ್ಟಿಕ್ ಸಾಮಾನು ಮಾರಿಕೊಂಡಿದ್ದಾರೆಂದರು. ಕಾಡುಹಕ್ಕಿಗಳ ಗಣತಿಗೂ ಕಾವಲಿಗೂ ಇಂಥ ಕಿವಿಗಳನ್ನು ಸಂಬಳ ಕೊಟ್ಟು ಇಟ್ಟುಕೊಳ್ಳಲು ಯಾರಿಗೂ ತೋಚಲಿಲ್ಲವಲ್ಲ ಎಂದು ನನಗೆ ಅನ್ನಿಸುತ್ತದೆ.

ಹಳ್ಳಿಯ ಪಂಚಾಂಗ ಮಾತ್ರ ಕಾಯಿದೆಗೆ ಇನ್ನೂ ಪೂರ್ತಿ ಮಣಿದಿಲ್ಲ. 2025ರ ಯುಗಾದಿಯ ಸಮಯದಲ್ಲಿ ನೆರೆಯ ಸಿಂಧನೂರು ತಾಲ್ಲೂಕಿನ ತುರ್ವಿಹಾಳದಲ್ಲಿ ಬೇಟೆಯಾಡಿದ ಮೊಲಗಳನ್ನು ಕಟ್ಟಿಕೊಂಡು ಮೆರವಣಿಗೆ ಮಾಡಿದ ಚಿತ್ರಗಳು ಹರಡಿ ಮೊಕದ್ದಮೆ ದಾಖಲಾಯಿತು. ಪರವಾಗಿ ಮಾತನಾಡಿದವರು ಸಂಪ್ರದಾಯವೆಂದರು. ಸಂಪ್ರದಾಯಕ್ಕೂ ದಾರಿಗಳಿವೆ. ಚಿತ್ರದುರ್ಗ ಜಿಲ್ಲೆಯ ಹೊಸದುರ್ಗದ ಕಡೆ ಸಂಕ್ರಾಂತಿಗೆ ಮೊಲವನ್ನು ಹಿಡಿದು ತಂದು, ಪೂಜಿಸಿ, ಮತ್ತೆ ಬಯಲಿಗೆ ಬಿಡುವ ರೂಢಿಯಿದೆ. ಹಿಡಿಯುವುದೂ ಇಂದಿನ ಕಾಯಿದೆಗೆ ಒಪ್ಪಿತವಲ್ಲ. ಆದರೂ ಬಿಡುವ ದೇವರಿಗೂ ಕೊಲ್ಲುವ ದೇವರಿಗೂ ಅಂತರವುಂಟು.

ಗಂಗಾವತಿ ತಾಲ್ಲೂಕಿನ ಬಂಕಾಪುರದಲ್ಲಿ 332 ಎಕರೆ ಕುರುಚಲು ಗುಡ್ಡವನ್ನು ಈಚೆಗೆ ತೋಳಗಳ ಅಭಯಾರಣ್ಯವೆಂದು ಗೊತ್ತುಮಾಡಿದ್ದಾರೆ. ಬಯಲುಸೀಮೆಯ ತೋಳಕ್ಕೆ ಮೊಲ ನಿತ್ಯದ ಆಹಾರಗಳಲ್ಲೊಂದು. ಮೊಲ ಸಿಗದಿದ್ದರೆ ಅದು ಹಟ್ಟಿಗೆ ಬರುತ್ತದೆ. ಕುಷ್ಟಗಿ, ಯಲಬುರ್ಗಾಗಳಿಂದ ಕುರಿ ಹೊಡೆದುಕೊಂಡು ಆ ಕಡೆ ಮೇವಿಗೆ ಹೋಗುವ ಕುರುಬರಿಗೆ ಇದು ಚೆನ್ನಾಗಿ ಗೊತ್ತು. ಯುಗಾದಿಯಲ್ಲಿ ಊರವರು ಮೊಲ ಸೋಸಿದ ವರ್ಷ ತಮ್ಮ ಮರಿಗಳು ಹೆಚ್ಚು ಹೋಗುತ್ತವೆಂದು ಒಬ್ಬ ಕುರಿಗಾಹಿ ನನಗೆ ಲೆಕ್ಕ ಹಾಕಿ ಹೇಳಿದ. ಅವನ ಲೆಕ್ಕದಲ್ಲಿ ತಿಂಗಳುಗಳಿರಲಿಲ್ಲ. ಕುರಿ ಈಯುವುದಕ್ಕೆ ಮೊದಲು, ಈದ ಮೇಲೆ, ಮರಿ ಹುಲ್ಲು ಕಚ್ಚಿದ ಮೇಲೆ ಎಂಬ ಮೂರೇ ಕಾಲಗಳಿದ್ದವು.